ವಾಲ್ಟ್‌ನ ಐದನೆಯ ತಂಡ

ಅಮೆರಿಕದಲ್ಲಿ ನಾನು ಇದ್ದದ್ದು ನೂರ ಎಂಬತ್ತೆರಡು ದಿನ. ಊರಿಗೆ ಬಂದು ನಾಲ್ಕು ತಿಂಗಳಾಯಿತು. ಕೊಡಗಿನ ನಮ್ಮ ಮಾದಾಪುರದ ಬಸ್ಸು ನಿಲ್ಲುವಲ್ಲಿ ಈವರೆಗೆ ಹದಿನೇಳು ಜನ ನನ್ನನ್ನು ತಡೆದು ಅಮೆರಿಕ ಹೇಗಿದೆ ಎಂದು ಕೇಳಿದ್ದಾರೆ. ಹದಿನೇಳು ಜನರಿಗೂ ನಾನು ಹೇಳಿದ್ದು ಹಾಲು ಕರೆಯುವ ಯಂತ್ರದ ವಿಷಯ. ಅದನ್ನು ಹೇಳುವುದು ಸುಲಭ, ಕೇಳಿದವರಿಗೂ ಸಮಾಧಾನ. ಆದರೆ ನನ್ನ ಡೈರಿಯಲ್ಲಿ ಅತಿ ಹೆಚ್ಚು ಪುಟ ಹಿಡಿದಿರುವುದು ಯಂತ್ರವಲ್ಲ, ಆಗಸ್ಟ್ ಎಂಟರಿಂದ ಸೆಪ್ಟೆಂಬರ್ ಒಂದರವರೆಗಿನ ಇಪ್ಪತ್ತೈದು ದಿನ. ಆ ದಿನಗಳನ್ನು ನಾನು ವಾಲ್ಟ್ ಎಂಬ ಚೆಂಡಾಟಗಾರನ ಜೊತೆ ಕಳೆದೆ. ಇಲ್ಲಿ ಬರೆಯುತ್ತಿರುವುದು ಅಷ್ಟನ್ನೇ.

ಒಂದು ಮಾತು. ಅವರೆಲ್ಲ ಆಡಿದ್ದು ಇಂಗ್ಲಿಷು. ನಾನು ಅದನ್ನು ನಮ್ಮ ಕಡೆಯ ಮಾತಿನಲ್ಲೇ ಬರೆಯುತ್ತೇನೆ. ಹಾಗೆ ಬರೆದರೆ ಮಾತ್ರ ಅವರ ದನಿ ನನಗೆ ಕೇಳಿಸುತ್ತದೆ.

ಆಗಸ್ಟ್ 8, ಭಾನುವಾರ: ಹೊಲದ ಮನೆಯಿಂದ

ಹೊರದೇಶದ ಯುವಕರನ್ನು ಆರು ತಿಂಗಳು ರೈತರ ಮನೆಗಳಲ್ಲಿ ಇರಿಸಿ ಕಲಿಸುವ ಒಂದು ಯೋಜನೆಯಲ್ಲಿ ನಾನು ವಿಸ್ಕಾನ್ಸಿನ್‌ನ ಹೆನ್ರಿ ಎಂಬುವರ ಮನೆಗೆ ಹೋಗಿದ್ದೆ. ನಲವತ್ತೆರಡು ಹಸು, ಮುಸುಕಿನ ಜೋಳದ ಹೊಲ. ಆ ಮನೆಯ ಮಗಳು ರೂತ್, ಅಳಿಯ ವಾಲ್ಟ್, ಅವರ ಏಳು ವರ್ಷದ ಮಗಳು ಜೂಡಿ. ಬೇಸಿಗೆಯಲ್ಲಿ ಮಾತ್ರ ಈ ಮೂವರು ಅಲ್ಲಿ ಇರುತ್ತಿದ್ದರು. ಉಳಿದ ಕಾಲ ವಾಲ್ಟ್‌ನ ತಂಡ ಯಾವ ಊರಿನಲ್ಲಿದೆಯೋ ಆ ಊರಿನಲ್ಲಿ ಬಾಡಿಗೆ ಮನೆ. ವಾಲ್ಟ್ ಎಂಟು ವರ್ಷದಲ್ಲಿ ನಾಲ್ಕು ತಂಡ ಕಂಡಿದ್ದ. ಜೂಡಿ ಮೂರು ಸ್ಕೂಲು ಕಂಡಿದ್ದಳು.

ಅವರ ಆಟಕ್ಕೆ ಹೆಸರು ಫುಟ್‌ಬಾಲ್. ಆದರೆ ಚೆಂಡನ್ನು ಬಗಲಲ್ಲಿ ಅವಚಿಕೊಂಡು ಓಡುತ್ತಾರೆ, ಎದುರಿನವರು ಹಿಡಿದು ಕೆಡವುತ್ತಾರೆ. ವಾಲ್ಟ್‌ನ ಜಾಗ ಲೈನ್‌ಬ್ಯಾಕರ್. ಮುಂದಿನ ಸಾಲಿನವರು ಎದುರಾಳಿಯ ಸಾಲಿಗೆ ಢಿಕ್ಕಿ ಹೊಡೆಯುತ್ತಾರೆ. ಅವರ ಹಿಂದೆ ನಾಲ್ಕು ಹೆಜ್ಜೆ ಬಿಟ್ಟು ಇವನು ನಿಂತಿರುತ್ತಾನೆ. ಚೆಂಡು ಹಿಡಿದವನು ಯಾವ ಸಂದಿಯಿಂದ ನುಗ್ಗುತ್ತಾನೋ ಅಲ್ಲಿಗೆ ಹಾರಬೇಕು. ಹಂದಿ ಬೇಟೆಯಲ್ಲಿ ಕಾಡು ಸೋವುವವರು ಒಂದು ಕಡೆ, ಕಂಡಿಯಲ್ಲಿ ಕೋವಿ ಹಿಡಿದು ಕೂರುವವನು ಇನ್ನೊಂದು ಕಡೆ ಇರುತ್ತಾರಲ್ಲ, ಹಾಗೆ. ಕೋವಿ ಮಾತ್ರ ಇಲ್ಲ. ಮೈಯಿಂದಲೇ ನಿಲ್ಲಿಸಬೇಕು.

ಅವನ ಬೆರಳುಗಳು ಒಂದೊಂದು ಒಂದೊಂದು ದಿಕ್ಕಿಗೆ ತಿರುಗಿದ್ದವು. ಬಲಗೈ ಉಂಗುರದ ಬೆರಳು ಮೊದಲನೆಯ ತಂಡದಲ್ಲಿ ಮುರಿದದ್ದು, ಎಡಗೈ ಕಿರುಬೆರಳು ಮೂರನೆಯದರಲ್ಲಿ. ಹಸುವಿನ ಕೆಚ್ಚಲು ಮುಟ್ಟುವಾಗ ಮಾತ್ರ ಹತ್ತೂ ಒಟ್ಟಿಗೆ ಕೆಲಸ ಮಾಡುತ್ತಿದ್ದವು. ವಯಸ್ಸು ಮೂವತ್ತಮೂರು ವರ್ಷ ನಾಲ್ಕು ತಿಂಗಳು. ಮೊದಲ ವಾರವೇ ಕೇಳಿ ಬರೆದುಕೊಂಡಿದ್ದೆ.

ಐದನೆಯ ತಂಡ ಅವನನ್ನು ತರಬೇತಿ ಶಿಬಿರಕ್ಕೆ ಕರೆದಿತ್ತು. ಶಿಬಿರ ನಡೆಯುವುದು ಪಕ್ಕದ ರಾಜ್ಯದ ಒಂದು ಸಣ್ಣ ಕೃಷಿ ಕಾಲೇಜಿನಲ್ಲಿ. ಅದೇ ಕಾಲೇಜಿನಲ್ಲಿ ನನಗೆ ಮೂರು ವಾರ ಮಣ್ಣು ಪರೀಕ್ಷೆಯ ಪಾಠ ಇತ್ತು. ಇಬ್ಬರೂ ಒಂದೇ ಕಾರಿನಲ್ಲಿ ಹೊರಟೆವು.

ರೂತ್ ಕಾರಿನ ಕಿಟಕಿಗೆ ಕೈಯಿಟ್ಟು ನಿಂತಳು.

"ಸ್ಕೂಲು ಬಾಗಿಲು ತೆಗೆಯೋದು ಬರೋ ತಿಂಗಳು ಏಳನೇ ತಾರೀಕು. ಇಲ್ಲಿ ಸೇರಿಸ್ಲಾ, ಅಲ್ಲಿ ಸೇರಿಸ್ಲಾ?"

"ಅಲ್ಲಿ. ತಂಡದ ಊರಲ್ಲಿ."

"ಹೋದ ವರ್ಷವೂ ಹೀಗೇ ಅಂದಿದ್ರಿ."

"ಹೋದ ವರ್ಷವೂ ಆಡ್ದೆ ತಾನೇ?"

"ಎರಡು ಊರಲ್ಲಿ ಆಡಿದ್ರಿ," ಎಂದಳು ರೂತ್. ಮಗುವಿಗೆ ಮತ್ತೆ ನಡುವರ್ಷದಲ್ಲಿ ಸ್ಕೂಲು ಬಿಡಿಸುವುದಿಲ್ಲ, ಈ ಸಲ ಖಂಡಿತ ಇಲ್ಲ ಎಂದೂ ಹೇಳಿದಳು.

ಆರು ಗಂಟೆಯ ದಾರಿ. ವಾಲ್ಟ್ ಒಂಬತ್ತು ಕಡೆ ನಿಲ್ಲಿಸಿದ. ಎಲ್ಲ ಕಡೆಯೂ ಇಳಿದು ನಾಲ್ಕೂ ಚಕ್ರಕ್ಕೆ ಕಾಲಿನಿಂದ ಒದ್ದು ನೋಡಿದ. ಚಕ್ರಗಳಲ್ಲಿ ಗಾಳಿ ಸರಿಯಾಗಿಯೇ ಇತ್ತು.

ಆಗಸ್ಟ್ 9: ಹಾಸ್ಟೆಲು

ನನ್ನ ಎತ್ತರ ಐದಡಿ ನಾಲ್ಕು ಅಂಗುಲ. ತೂಕ ಅಲ್ಲಿನ ಮಾಪನದಲ್ಲಿ ನೂರ ಹದಿನೆಂಟು ಪೌಂಡು. ವಾಲ್ಟ್ ಇನ್ನೂರ ಹದಿನೈದು. ಇಬ್ಬರೂ ಒಂದೇ ಕಾರಿನಿಂದ ಇಳಿದೆವು ಎಂಬ ಒಂದೇ ಕಾರಣಕ್ಕೆ ಹಾಸ್ಟೆಲಿನ ಮೇಲ್ವಿಚಾರಕಿ ನನ್ನನ್ನೂ ಆಟಗಾರರ ಪಟ್ಟಿಗೆ ಸೇರಿಸಿ, ವಾಲ್ಟ್‌ನ ಕೋಣೆಯಲ್ಲೇ ಹಾಸಿಗೆ ಕೊಟ್ಟಳು. ನನ್ನ ಮಂಚದ ಮೇಲೆ ಎರಡು ಜೊತೆ ಚಡ್ಡಿ, ಒಂದು ಭುಜದ ಕವಚ ಇಟ್ಟಿದ್ದರು. ಕವಚ ಹಾಕಿಕೊಂಡು ನೋಡಿದೆ. ಮಳೆಗೆ ಹೊದೆಯುವ ಗೊರಗದೊಳಗೆ ನಿಂತ ಹಾಗೆ ಆಯಿತು. ಬಾಗಿಲಲ್ಲಿ ನಾಲ್ವರು ಆಟಗಾರರು ನಿಂತು ನೋಡುತ್ತಿದ್ದರು.

"ಯಾವ ಜಾಗ ಆಡ್ತೀಯ?" ಎಂದ ಒಬ್ಬ.

"ಮಣ್ಣು ಪರೀಕ್ಷೆ," ಎಂದೆ.

ಅಂದಿನಿಂದ ಊಟದ ಮನೆಯಲ್ಲಿ ನನಗೆ ಜಾಗ ಹಿಡಿದಿಡುತ್ತಿದ್ದರು. ಕಾಲೇಜಿನ ಕಚೇರಿಗೆ ಹೋಗಿ ತಪ್ಪು ತಿದ್ದಿಸಲು ಎರಡು ಸಲ ಯತ್ನಿಸಿದೆ. ಇಬ್ಬರು ಗುಮಾಸ್ತರೂ, ಆಟಗಾರರ ಪಟ್ಟಿ ತಮ್ಮದಲ್ಲ, ಅದರಿಂದ ಹೆಸರು ತೆಗೆಯುವ ಅಧಿಕಾರ ತಂಡಕ್ಕೆ ಮಾತ್ರ ಎಂದರು.

ನಾನು ಬಂದ ಅರ್ಧ ಗಂಟೆಯಲ್ಲಿ ಬಟ್ಟೆ ಮಡಚಿ ಕಪಾಟಿಗಿಟ್ಟೆ. ವಾಲ್ಟ್ ತನ್ನ ಚೀಲವನ್ನು ಮಂಚದ ಕೆಳಗೆ ತಳ್ಳಿ, ಬೇಕಾದಾಗ ಒಂದೊಂದೇ ಅಂಗಿ ಎಳೆದು ಹಾಕಿಕೊಳ್ಳುತ್ತಿದ್ದ. ಕಪಾಟಿನಲ್ಲಿ ಇನ್ನೂ ಜಾಗ ಇದೆ ಎಂದೆ. ಹಳಬರು ಯಾರೂ ಚೀಲ ಬಿಚ್ಚುವುದಿಲ್ಲ, ಹೊಸ ಹುಡುಗರು ಮಾತ್ರ ಬಿಚ್ಚುತ್ತಾರೆ ಎಂದ. ಬೇರೆ ಕೋಣೆಗಳನ್ನು ನೋಡಿ ಎಣಿಸಿದೆ. ಅರವತ್ತೊಂದು ಜನ ಆಟಗಾರರಲ್ಲಿ ಬಟ್ಟೆ ಕಪಾಟಿಗಿಟ್ಟವರು ಇಪ್ಪತ್ತಾರು. ಕೊನೆಗೆ ತಂಡದಲ್ಲಿ ಉಳಿಯಬೇಕಾದವರು ಮೂವತ್ತಮೂರು.

ಆಗಸ್ಟ್ 14: ಹಾಲಿನವನು

ಕ್ಲೈಡ್ ಎಂಬ ಸಣಕಲು ಮನುಷ್ಯ, ತಂಡದ ತರಬೇತುದಾರರ ಸಹಾಯಕ. ರಬ್ಬರ್ ಅಡಿಯ ಬೂಟು. ಬೆಳಗಿನ ತಿಂಡಿಗೆ ಮುಂಚೆ ಒಂದೊಂದು ದಿನ ಹಾಸ್ಟೆಲಿಗೆ ಬಂದು ಒಂದು ಬಾಗಿಲು ತಟ್ಟುತ್ತಿದ್ದ. ಹೇಳುವುದು ಎರಡೇ ವಾಕ್ಯ: "ಕೋಚ್ ಕರೀತಾರೆ. ಪುಸ್ತಕ ತಗೊಂಡು ಬಾ." ಪುಸ್ತಕ ಎಂದರೆ ತಂಡದ ಎಲ್ಲ ಆಟಗಳ ಚಿತ್ರ ಬರೆದ ದಪ್ಪ ಪುಸ್ತಕ. ಶಿಬಿರದ ಮೊದಲ ದಿನ ಎಲ್ಲರಿಗೂ ಕೊಡುತ್ತಾರೆ. ಅದನ್ನು ವಾಪಸ್ ಕೊಟ್ಟವನು ಮನೆಗೆ ಹೋದ ಹಾಗೆ. ಆಟಗಾರರು ಕ್ಲೈಡ್‌ನನ್ನು ಹಾಲಿನವನು ಎನ್ನುತ್ತಿದ್ದರು, ಅವನ ಎದುರಿಗಲ್ಲ.

ಹದಿನಾಲ್ಕರಂದು ಅವನು ತಟ್ಟಿದ್ದು ನಮ್ಮ ಎದುರಿನ ಕೋಣೆ. ಅಲ್ಲಿದ್ದ ಕೆಂಪು ಕೂದಲಿನ ಯುವಕ ನನಗೆ ದಿನವೂ ತನ್ನ ಪಾಲಿನ ಕಿತ್ತಳೆ ಕೊಡುತ್ತಿದ್ದ. ಅವನು ಚೀಲ ಹೊತ್ತು ಹೊರಟಾಗ ನಾನು ಜೊತೆಗೆ ಹೋದೆ. ನಮ್ಮಲ್ಲಿ ಮನೆಯಿಂದ ಯಾರು ಹೊರಟರೂ ಬಸ್ಸಿನವರೆಗೆ ಒಬ್ಬರು ಹೋಗುತ್ತಾರೆ, ಬಸ್ಸು ತಿರುವಿನಲ್ಲಿ ಮರೆಯಾಗುವವರೆಗೆ ನಿಲ್ಲುತ್ತಾರೆ. ಇಲ್ಲಿ ಯಾರೂ ಕೋಣೆಯಿಂದ ಹೊರಗೆ ಬರಲಿಲ್ಲ. ಗೇಟಿನ ಬಳಿ ಕೈ ಕುಲುಕಿದೆ. ಒಳ್ಳೆಯದಾಗಲಿ ಎಂದೆ. ಅವನಿಗೆ ಏನು ಮಾಡಬೇಕೆಂದು ತಿಳಿಯಲಿಲ್ಲ. ಕೈಯನ್ನು ಜೇಬಿಗೆ ಹಾಕಿಕೊಂಡು ಬಸ್ಸಿನ ಕಡೆ ಬೇಗ ಬೇಗ ನಡೆದ.

ವಾಪಸ್ ಬಂದಾಗ ಊಟದ ಮನೆಯಲ್ಲಿ ನನಗೆ ಹಿಡಿದಿಟ್ಟ ಜಾಗ ಇರಲಿಲ್ಲ. ಯುವಕನ ಕುರ್ಚಿಯನ್ನು ಆಗಲೇ ಗೋಡೆಗೆ ಒರಗಿಸಿದ್ದರು. ವಾಲ್ಟ್ ನನ್ನ ತೋಳು ಹಿಡಿದು ಹೊರಗೆ ಕರೆದುಕೊಂಡು ಹೋದ.

"ಕೈ ತೊಳ್ಕೊಂಡು ಬಾ."

"ಯಾಕೆ?"

"ಹೋದವನ ಕೈ ಹಿಡಿದಿದ್ದೀಯ. ಅವರು ನಿನ್ನ ಪಕ್ಕ ಕೂರಲ್ಲ."

"ನೀವು ಇದನ್ನೆಲ್ಲ ನಂಬ್ತೀರಾ?"

"ನಾನು ನಂಬಲ್ಲ ಮಾರಾಯ," ಎಂದ. ನಾನು ತೊಳೆದು ಬರುವವರೆಗೂ ಅಲ್ಲೇ ನಿಂತಿದ್ದ.

ಆಮೇಲೆ ನಾನು ತಿಂಡಿಗೆ ಕೂತದ್ದು ಕ್ಲೈಡ್‌ನ ಮೇಜಿನಲ್ಲಿ. ಅವನ ಪಕ್ಕವೂ ಯಾರೂ ಕೂರುತ್ತಿರಲಿಲ್ಲ.

ಆಗಸ್ಟ್ 15ರಿಂದ 27: ಲೆಕ್ಕ

ನಾನು ಮಾದಾಪುರದ ಹತ್ತಿರದ ಒಂದು ಕಾಫಿ ಎಸ್ಟೇಟಿನಲ್ಲಿ ರೈಟರ್. ಬೆಳಿಗ್ಗೆ ಲೈನುಗಳ, ಎಂದರೆ ಆಳುಗಳ ಸಾಲುಮನೆಗಳ, ಮುಂದೆ ಹಾಜರಿ ಕರೆಯುವುದು, ಪಿಕ್ಕಿಂಗ್ ಕಾಲದಲ್ಲಿ ಯಾರು ಎಷ್ಟು ಬುಟ್ಟಿ ಹಣ್ಣು ಕಿತ್ತರು ಎಂದು ಬರೆಯುವುದು ನನ್ನ ಕೆಲಸ. ಪಿಕ್ಕಿಂಗ್ ಮುಗಿದ ಮೇಲೆ ಇನ್ನೊಂದು ಕೆಲಸವೂ ಉಂಟು. ಎಸ್ಟೇಟಿನ ದೊರೆಗಳು ಯಾರ ಹೆಸರು ತೆಗೆಯಲು ಹೇಳುತ್ತಾರೋ ಅವರ ಲೈನಿಗೆ ಹೋಗಿ ಹೇಳಿ ಬರುವುದು. ನಾನು ಹೋಗುವುದು ಬೆಳಿಗ್ಗೆಯೇ, ಅವರು ಒಲೆ ಹಚ್ಚುವ ಮುಂಚೆ. ಒಲೆ ಹಚ್ಚಿದ ಮೇಲೆ ಹೇಳಿದರೆ ಕಾಫಿ ಕುಡಿದು ಹೋಗಿ ಎನ್ನುತ್ತಾರೆ. ಆ ಕಾಫಿ ಕುಡಿಯುವುದು ಕಷ್ಟ.

ಒಂದು ವರ್ಷ ಹೀಗೆ ಹೇಳಲು ಹೋದಾಗ, ಹಾಸನದ ಕಡೆಯಿಂದ ಬಂದ ಚೆನ್ನಮ್ಮ ಎಂಬಾಕೆ ನನ್ನನ್ನು ಬಾಗಿಲಲ್ಲೇ ತಡೆದು ಕೇಳಿದ್ದಳು.

"ರೈಟ್ರೇ, ನಾನು ಎಷ್ಟು ಬುಟ್ಟಿ ಕಿತ್ತಿದೀನಿ ಅಂತ ನಿಮ್ ಪುಸ್ತಕದಾಗೇ ಐತಲ್ಲ. ಓದಿ ನೋಡಿ."

"ಐತೆ ಚೆನ್ನಮ್ಮ. ನಿಂದೇ ಜಾಸ್ತಿ."

"ಮತ್ತೆ?"

ಅವಳು ಸೊಂಟ ಹಿಡಿದುಕೊಂಡು ನಡೆಯುವುದನ್ನು ದೊರೆಗಳು ನೋಡಿದ್ದರು, ಅಷ್ಟೆ. ಇದನ್ನು ಕ್ಲೈಡ್‌ಗೆ ಹೇಳಿದಾಗ ಅವನು ಮೊಟ್ಟೆ ತಿನ್ನುವುದನ್ನು ನಿಲ್ಲಿಸಿ, "ನೀನೂ ತಟ್ಟುವವನೇ ಅನ್ನು," ಎಂದ. ಅವನ ಪ್ರಕಾರ ಎರಡು ವಾಕ್ಯಕ್ಕಿಂತ ಹೆಚ್ಚು ಹೇಳಬಾರದು. ಮೂರನೆಯ ವಾಕ್ಯ ಹೇಳಿದರೆ ಅವರು ಕೂರಿಸಿಬಿಡುತ್ತಾರೆ.

ನನ್ನ ಪಾಠ ಮಧ್ಯಾಹ್ನಕ್ಕೆ ಮುಗಿಯುತ್ತಿತ್ತು. ಮೈದಾನದ ಬೇಲಿಯ ಹೊರಗೆ ಮರದ ಬೆಂಚಿನ ಮೇಲೆ ಕೂತು ನೋಡುತ್ತಿದ್ದೆ. ಕೈ ಸುಮ್ಮನಿರಲಿಲ್ಲ. ಮೂರನೆಯ ದಿನದಿಂದ ಲೆಕ್ಕ ಇಡತೊಡಗಿದೆ. ಎಡಗಡೆ ಹೆಸರು, ಮೊದಲ ಕಾಲಮ್ಮಿನಲ್ಲಿ ಕೆಡವಿದ್ದು ಎಷ್ಟು. ಎರಡನೆಯದರಲ್ಲಿ, ಆಟ ಶುರುವಾದ ಗೆರೆಯಿಂದ ಎಷ್ಟು ಗಜ ಆಚೆ ಕೆಡವಿದ. ಮೈದಾನದಲ್ಲಿ ಸುಣ್ಣದ ಗೆರೆ ಇದ್ದದ್ದರಿಂದ ಅಂದಾಜು ಕಷ್ಟವಿರಲಿಲ್ಲ. ಎಸ್ಟೇಟಿನಲ್ಲೂ ನಾವು ಹೀಗೇ ಬರೆಯುತ್ತೇವೆ: ಎಷ್ಟು ಬುಟ್ಟಿ, ಯಾವ ಇಳಿಜಾರಿನಿಂದ. ದೂರದ ಇಳಿಜಾರಿನಿಂದ ಹೊತ್ತು ತಂದವರಿಗೆ ಮರ್ಯಾದೆ ಹೆಚ್ಚು.

ಒಟ್ಟು ಆರು ಜನ ಲೈನ್‌ಬ್ಯಾಕರುಗಳು, ಉಳಿಯುವುದು ಮೂವರು. ದಿನವೂ ಕೂಡಿಸಿದಾಗ ವಾಲ್ಟ್‌ನ ಹೆಸರೇ ಮೇಲೆ ಬರುತ್ತಿತ್ತು. ಅವನು ಮಾತ್ರ ದಿನದಿಂದ ದಿನಕ್ಕೆ ಒಂದು ಕಡೆ ನಿಲ್ಲದ ಹಾಗೆ ಆದ. ಊಟ ಮಾಡುತ್ತಾ ಎದ್ದು ಹೋಗುತ್ತಿದ್ದ. ಮಂಚದ ಮೇಲೆ ಕೂತರೆ ಮೊಣಕಾಲು ಕುಣಿಯುತ್ತಿತ್ತು, ಅದರ ಜೊತೆ ನನ್ನ ಮೇಜಿನ ಮಸಿಕುಡಿಕೆಯೂ ಕುಣಿಯುತ್ತಿತ್ತು. ವಾರಕ್ಕೆ ಎರಡು ಸಲ ರೂತ್ ಟೆಲಿಫೋನ್ ಮಾಡುತ್ತಿದ್ದಳು. ಅವನು ಹೇಳುತ್ತಿದ್ದದ್ದು ಒಂದೇ: "ಇನ್ನೂ ಇದ್ದೀನಿ. ಸ್ಕೂಲಿಗೆ ಇನ್ನೂ ದಿನ ಇದೆಯಲ್ಲ."

ಇಪ್ಪತ್ತೊಂದರಂದು ನನಗೆ ಅಣ್ಣನ ಕಾಗದ ಬಂತು. ರಾಜ್ಯಗಳನ್ನು ಮತ್ತೆ ವಿಂಗಡಿಸುವ ಆಯೋಗ ಊರೂರು ತಿರುಗುತ್ತಿದೆ, ನಮ್ಮ ಕೊಡಗು ರಾಜ್ಯ ಹೀಗೇ ಇರುತ್ತದೋ ಮೈಸೂರಿಗೆ ಸೇರುತ್ತದೋ ಎಂದು ಮಡಿಕೇರಿಯಲ್ಲಿ ದಿನಾ ಜಗಳ ಎಂದು ಬರೆದಿದ್ದ. ವಾಲ್ಟ್ ಕೇಳಿದ ಮೇಲೆ ಓದಿ ಹೇಳಿದೆ.

"ನಿಮ್ಮ ರಾಜ್ಯ ಎಷ್ಟು ದೊಡ್ಡದು?"

"ಒಂದು ತುದಿಯಿಂದ ಇನ್ನೊಂದು ತುದಿಗೆ ಬಸ್ಸಿನಲ್ಲಿ ಒಂದು ದಿನ. ರಸ್ತೆ ಅಂಕುಡೊಂಕು."

"ಸಣ್ಣ ತಂಡ. ಕೊಟ್ಟುಬಿಡ್ತಾರೆ." ಎದ್ದು ಕಿಟಕಿಯ ಹತ್ತಿರ ಹೋಗಿ, "ಕೊಡೋ ಮುಂಚೆ ನಿಮ್ಮನ್ನ ಕೇಳ್ತಿದ್ದಾರೆ ತಾನೇ? ಅದು ದೊಡ್ಡದು. ನನ್ನನ್ನು ಮೂರು ಸಲ ಬೇರೆ ತಂಡಕ್ಕೆ ಕೊಟ್ಟರು, ಎರಡು ಸಲ ಪೇಪರ್ ನೋಡಿ ಗೊತ್ತಾಯ್ತು," ಎಂದ.

ಆಗಸ್ಟ್ 29, ಭಾನುವಾರ: ಎರಡನೆಯ ಕಾಲಮ್

ಮೈದಾನಕ್ಕೆ ರಜೆ. ತಿಂಡಿಯ ಹೊತ್ತಿಗೆ ಕ್ಲೈಡ್ ನನ್ನ ಪುಸ್ತಕದ ಕಡೆ ನೋಡಿ ಅದೇನು ದಿನಾ ಬರೆಯುವುದು ಎಂದು ಕೇಳಿದ. ಲೈನ್‌ಬ್ಯಾಕರುಗಳಲ್ಲಿ ಇನ್ನು ಉಳಿದಿದ್ದದ್ದು ನಾಲ್ಕು ಜನ. ಒಬ್ಬ ಹೋಗಬೇಕು. ಇದು ನನಗೆ ಗೊತ್ತಿತ್ತು. ಗೊತ್ತಿದ್ದೇ ಪುಸ್ತಕ ತೆರೆದೆ.

"ಇದು ವಾಲ್ಟ್. ಕೆಡವಿದ್ದು ಎಂಬತ್ತೇಳು. ಆಮೇಲಿನವನು ಅರವತ್ತನಾಲ್ಕು."

"ಕೋಚ್ ಕೂಡ ಹೀಗೆ ಎಣಿಸಿಲ್ಲ," ಎಂದ ಕ್ಲೈಡ್. ನನಗೆ ಹಿಗ್ಗಾಯಿತು. "ಇದೆಂಥದು, ಪಕ್ಕದ್ದು?"

"ಗೆರೆಯಿಂದ ಎಷ್ಟು ದೂರ ಹೋಗಿ ಕೆಡವಿದರು ಅಂತ. ಅದರಲ್ಲೂ ವಾಲ್ಟೇ ಮುಂದೆ. ಸರಾಸರಿ ಏಳು ಗಜ. ಉಳಿದವರು ಮೂರು, ನಾಲ್ಕು. ಅಷ್ಟು ದೂರ ಓಡಿ ಹಿಡೀತಾರೆ ಅವರು."

ಕ್ಲೈಡ್ ಪುಸ್ತಕವನ್ನು ತನ್ನ ಕಡೆ ತಿರುಗಿಸಿಕೊಂಡ. ಅಂಕಿಗಳೆಲ್ಲ ಕನ್ನಡದವು, ಅವನಿಗೆ ಓದಲು ಬರುತ್ತಿರಲಿಲ್ಲ. ಬೆರಳಿಟ್ಟು ಒಂದೊಂದನ್ನೇ ಕೇಳಿದ, ನಾನು ಓದಿದೆ. ಕೊನೆಗೆ ಇಂಗ್ಲಿಷ್ ಅಂಕಿಯಲ್ಲಿ ಒಂದು ನಕಲು ಮಾಡಿ ಕೊಡುತ್ತೀಯಾ ಎಂದ. ಕಾಲೇಜಿನ ಒಳ್ಳೆಯ ಕಾಗದ ತಂದು, ಸ್ಕೇಲಿನಿಂದ ಗೆರೆ ಎಳೆದು, ಒಂದು ಕಾಟು ಇಲ್ಲದೆ ಬರೆದುಕೊಟ್ಟೆ.

ಮಧ್ಯಾಹ್ನ ವಾಲ್ಟ್ ಹೊರಗೆ ಕಲ್ಲುಬೆಂಚಿನ ಮೇಲೆ ಕೂತು ಬೆರಳಿಗೆ ಪಟ್ಟಿ ಸುತ್ತಿಕೊಳ್ಳುತ್ತಿದ್ದ. ನಾನು ಸಂತೋಷದಿಂದ ಹೇಳಿದೆ.

"ಎರಡನೇ ಕಾಲಮ್ಮೂ ಕೊಟ್ಯಾ?"

"ಹೌದು."

ಅವನು ಪಟ್ಟಿ ಸುತ್ತುವುದನ್ನು ನಿಲ್ಲಿಸಿದ. ಆಮೇಲೆ ನಿಧಾನವಾಗಿ ವಿವರಿಸಿದ, ಜೂಡಿಗೆ ಗಡಿಯಾರ ನೋಡಲು ಕಲಿಸುವ ದನಿಯಲ್ಲಿ. ಓಡುವವನನ್ನು ಗೆರೆಯಲ್ಲೇ ಕೆಡವಿದರೆ ಅವರಿಗೆ ಏನೂ ಸಿಗಲಿಲ್ಲ. ಏಳು ಗಜದಲ್ಲಿ ಕೆಡವಿದರೆ ಏಳು ಗಜ ಬಿಟ್ಟುಕೊಟ್ಟ ಹಾಗೆ. ಮೂರು ವರ್ಷದ ಹಿಂದೆ ಅವನು ಎರಡು ಗಜದಲ್ಲಿ ಕೆಡವುತ್ತಿದ್ದ.

"ನನ್ನ ಕಡೆಯಿಂದಲೇ ಯಾಕೆ ಅಷ್ಟು ಜನ ನುಗ್ತಾರೆ ಅಂತ ಯೋಚಿಸ್ಲಿಲ್ವಾ ಡೇವ್?" ನನ್ನ ದೇವಯ್ಯ ಎಂಬ ಹೆಸರು ಅವನ ಬಾಯಲ್ಲಿ ಹೀಗಾಗಿತ್ತು. "ಅಲ್ಲಿ ದಾರಿ ಇದೆ ಅಂತ ಅವರಿಗೆ ಗೊತ್ತು. ಅದಕ್ಕೇ ನಂದು ಎಂಬತ್ತೇಳು."

ಕ್ಲೈಡ್‌ನನ್ನು ಹುಡುಕಿಕೊಂಡು ಹೋದೆ. ಕಚೇರಿಗೆ ಬೀಗ. ಊಟದ ಮನೆ, ಹಾಸ್ಟೆಲು, ಮೈದಾನ, ಮತ್ತೆ ಕಚೇರಿ. ನಾಲ್ಕು ಸುತ್ತು ಹೊಡೆದೆ. ಸಿಕ್ಕಿದ್ದರೆ ಏನು ಹೇಳುತ್ತಿದ್ದೆನೋ ಗೊತ್ತಿಲ್ಲ. ಲೆಕ್ಕ ತಪ್ಪು ಎನ್ನಲು ಆಗುತ್ತಿರಲಿಲ್ಲ. ಲೆಕ್ಕ ಸರಿಯಾಗಿತ್ತು.

ಆಗಸ್ಟ್ 30, ಸೋಮವಾರ

ಬಾಗಿಲ ಹತ್ತಿರದ ಮಂಚ ನನ್ನದು. ಆರೂ ಕಾಲಿಗೆ ತಟ್ಟಿದ ಸದ್ದಾಯಿತು. ತೆರೆದವನು ನಾನೇ. ಕ್ಲೈಡ್ ನನ್ನ ತಲೆಯ ಮೇಲಿಂದ ಒಳಗೆ ನೋಡಿ ಎರಡು ವಾಕ್ಯ ಹೇಳಿದ. ವಾಲ್ಟ್ ಆಗಲೇ ಬೂಟು ಹಾಕಿಕೊಂಡು ಕೂತಿದ್ದ, ಪುಸ್ತಕ ತೊಡೆಯ ಮೇಲಿತ್ತು. ಹೋಗಿ ಹತ್ತು ನಿಮಿಷದಲ್ಲಿ ಬಂದ. ಮಂಚದ ಕೆಳಗಿನ ಚೀಲ ಎಳೆದುಕೊಂಡ.

ನನ್ನ ಪಾಠ ಶುಕ್ರವಾರವೇ ಮುಗಿದಿತ್ತು, ನಾನೂ ಬಟ್ಟೆ ತುಂಬಿದೆ. ಕಾರಿನಲ್ಲಿ ಕೂತ ಮೇಲೆ, ನನ್ನಿಂದಾಗಿ ಹೀಗಾಯಿತು ಎಂದೆ.

"ಅವರು ಎಲ್ಲಾ ಫಿಲಮ್ ತೆಗೀತಾರೆ. ಸಂಜೆ ಕೂತು ನೋಡ್ತಾರೆ. ಒಬ್ಬ ಇಂಡಿಯಾದವನ ಪೆನ್ಸಿಲ್ ನೋಡಿ ಯಾರೂ ಲೈನ್‌ಬ್ಯಾಕರ್‌ನ ಕಳಿಸಲ್ಲ. ನಿನ್ನನ್ನು ಅಷ್ಟು ದೊಡ್ಡವನು ಅಂದ್ಕೋಬೇಡ."

ಅದು ನಿಜವೋ, ನನ್ನನ್ನು ಸುಮ್ಮನಾಗಿಸಲು ಹೇಳಿದ್ದೋ ಈಗಲೂ ನನಗೆ ಗೊತ್ತಿಲ್ಲ. ಅವನ ತೋರುಬೆರಳು ಮಾತ್ರ ಸ್ಟಿಯರಿಂಗ್ ಮೇಲೆ ಒಂದೇ ಸಮ ಬಡಿಯುತ್ತಿತ್ತು.

ಮನೆಯ ದಾರಿ ಎಡಕ್ಕೆ. ಅವನು ಪೆಟ್ರೋಲ್ ಬಂಕಿನಲ್ಲಿ ನಿಲ್ಲಿಸಿ ಟೆಲಿಫೋನ್ ಮಾಡತೊಡಗಿದ. ಅವರ ಆಟದಲ್ಲಿ ಒಟ್ಟು ಹನ್ನೆರಡು ತಂಡಗಳು. ನಾಲ್ಕರಲ್ಲಿ ಆಡಿಯಾಗಿತ್ತು, ಐದನೆಯದು ಈಗಷ್ಟೇ ಕಳಿಸಿತ್ತು. ಉಳಿದ ಏಳರಲ್ಲಿ ನಾಲ್ಕು ಕಡೆ ಇಲ್ಲ ಎಂದರು. ಐದನೆಯ ಕರೆಯಲ್ಲಿ ಅವನು ಬೂತಿನೊಳಗೆ ನೆಟ್ಟಗೆ ನಿಂತದ್ದು ಗಾಜಿನಲ್ಲಿ ಕಂಡಿತು. ಹೊರಗೆ ಬಂದು ಚಕ್ರಕ್ಕೆ ಒದ್ದ.

"ಅವರ ಇಬ್ಬರು ಲೈನ್‌ಬ್ಯಾಕರ್‌ಗೆ ಶನಿವಾರ ಪೆಟ್ಟಾಗಿದೆ. ನಾಳೆ ಮಧ್ಯಾಹ್ನದೊಳಗೆ ಬಂದರೆ ನೋಡ್ತಾರಂತೆ. ಬಲಕ್ಕೆ ಹೋಗೋಣ."

ರೂತ್‌ಗೆ ಫೋನ್ ಮಾಡುವುದಿಲ್ಲವೇ ಎಂದೆ. ಏನಾದರೂ ಹೇಳುವಂಥದ್ದು ಸಿಗಲಿ, ಆಮೇಲೆ ಎಂದ.

ಆಗಸ್ಟ್ 31: ಆರನೆಯ ಊರು

ಅಲ್ಲಿಯ ಕೋಚ್ ಗಿಡ್ಡ, ದಪ್ಪ, ಕೊರಳಲ್ಲಿ ಸೀಟಿ. ಗುದ್ದಲಿ ಹಿಡಿದು ಮಣ್ಣು ನೋಡುವವನ ಹಾಗೆ ವಾಲ್ಟ್‌ನನ್ನು ಕಾಲಿನಿಂದ ಮೇಲಕ್ಕೆ ನೋಡಿದ.

"ಮೊಣಕಾಲು?"

"ಎರಡೂ ನಂದೇ."

"ವಯಸ್ಸು?"

"ಇಪ್ಪತ್ತೊಂಬತ್ತು."

ಕೋಚ್ ನಕ್ಕ. ಆಮೇಲೆ ಬೇಲಿಯ ಪಕ್ಕ ಎರಡು ಚೀಲದ ನಡುವೆ ನಿಂತಿದ್ದ ನನ್ನನ್ನು ನೋಡಿದ. "ಇವನು ಯಾರು?"

"ನಮ್ಮ ಮನೇಲಿ ಇದ್ದಾನೆ, ಇಂಡಿಯಾದವನು. ಎಲ್ಲ ಬರೆದಿಡ್ತಾನೆ."

"ಹಂಗಾದ್ರೆ ನೀನು ಹೇಳಪ್ಪ. ಇವನಿಗೆ ಎಷ್ಟು?"

ನಾನು ರೈಟರಾಗಿ ನಾಲ್ಕು ವರ್ಷ. ಹಾಜರಿಯಲ್ಲಿ ಒಂದು ತಪ್ಪು ಅಂಕಿ ಬರೆದವನಲ್ಲ. ಪುಸ್ತಕ ಕೈಯಲ್ಲೇ ಇತ್ತು, ಮೂವತ್ತಮೂರು ವರ್ಷ ನಾಲ್ಕು ತಿಂಗಳು ಎಂದು ಅದರಲ್ಲಿತ್ತು. ಇಪ್ಪತ್ತೊಂಬತ್ತು ಎನ್ನಲು ಬಾಯಿ ತೆರೆದೆ. ಬರಲಿಲ್ಲ.

"ಮೂವತ್ತು," ಎಂದೆ.

ವಾಲ್ಟ್ ನೆಲ ನೋಡಿದ. ಕೋಚ್ ಇಬ್ಬರನ್ನೂ ಒಂದೊಂದು ಸಲ ನೋಡಿದ.

"ಇಬ್ಬರೂ ಸುಳ್ಳು ಹೇಳ್ತಿದ್ದೀರಿ. ಆದ್ರೆ ಒಂದೇ ಸುಳ್ಳಲ್ಲ. ಮಾತಾಡ್ಕೊಂಡು ಬಂದಿಲ್ಲ ಅಂತ ಆಯ್ತು." ಒಳಗೆ ತಿರುಗಿ, "ಇವನಿಗೊಂದು ಚಡ್ಡಿ ಕೊಡಿ," ಎಂದು ಕೂಗಿದ.

ಒಂದು ಗಂಟೆ ಓಡಿಸಿದರು. ಎದುರಿಗೆ ಇಪ್ಪತ್ತೆರಡು ವರ್ಷದ ಓಟಗಾರರನ್ನು ಬಿಟ್ಟು ಹಿಡಿಯಲು ಹೇಳಿದರು. ವಾಲ್ಟ್ ಅವರ ಕಾಲು ನೋಡುತ್ತಿರಲಿಲ್ಲ, ಸೊಂಟ ನೋಡುತ್ತಿದ್ದ. ಅವರು ಹೊರಡುವ ಮುಂಚೆಯೇ ಅವನು ಹೊರಟಿರುತ್ತಿದ್ದ. ಎರಡು ಸಲ ಅವನ ಊಹೆ ತಪ್ಪಿತು. ಎರಡು ಸಲವೂ ಮೈದಾನದ ನಡುವೆ ಒಬ್ಬನೇ ಬಿದ್ದು, ಎದ್ದು, ಹುಲ್ಲು ಕೊಡವಿಕೊಂಡು ಮೊದಲಿನ ಜಾಗಕ್ಕೆ ಓಡಿ ಬಂದ. ನಡೆದು ಬರಲಿಲ್ಲ.

ಕೋಚ್ ಅವನನ್ನು ಕರೆದು ನಾಲ್ಕು ಮಾತಾಡಿದ. ವಾಲ್ಟ್ ಬೇಲಿಯ ಹತ್ತಿರ ಬಂದ. ಮುಖದಿಂದ ಬೆವರು ತೊಟ್ಟಿಕ್ಕುತ್ತಿತ್ತು.

"ಶನಿವಾರದವರೆಗೆ. ಪೆಟ್ಟಾದವರು ಏಳ್ತಾರಾ ಅಂತ ನೋಡಿ ಹೇಳ್ತಾರಂತೆ." ಮೊದಲ ಸಲ ಅವನು ಕಾಲು ಅಲುಗಾಡಿಸದೆ ನಿಂತಿದ್ದ. "ಬಸ್ಸು ನಾಲ್ಕಕ್ಕೆ. ನೀನು ಮನೆಗೆ ಹೋಗು. ಇಲ್ಲಿ ಫೋನಿಗೆ ಸಾಲು ಇದೆ, ರೂತ್‌ಗೆ ನೀನೇ ಹೇಳು. ಕೆಲಸ ಸಿಕ್ಕಿತು ಅಂತ ಹೇಳು. ಜೂಡಿನ ಇಲ್ಲಿ ಸ್ಕೂಲಿಗೆ ಸೇರಿಸೋಣ, ಮನೆ ಹುಡುಕ್ತಿದ್ದೀನಿ ಅಂತ ಹೇಳು."

"ಶನಿವಾರ?"

"ಅದನ್ನು ಹೇಳಬೇಡ."

ಸೀಟಿ ಕೇಳಿಸಿತು. ಅವನು ಹೋದ.

ಸೆಪ್ಟೆಂಬರ್ 1, ಬುಧವಾರ: ಹೊಲದ ಮನೆ

ಬಸ್ಸಿನಲ್ಲಿ ಹದಿನಾಲ್ಕು ಗಂಟೆ. ಕೆಲಸ ಸಿಕ್ಕಿತು ಎಂಬ ವಾಕ್ಯವನ್ನು ಎಷ್ಟು ಸಲ ಹೇಳಿಕೊಂಡೆನೋ ಬರೆದಿಟ್ಟಿಲ್ಲ. ಪಕ್ಕದಲ್ಲಿದ್ದ ಮುದುಕಿ ನಾನು ಪ್ರಾರ್ಥನೆ ಮಾಡುತ್ತಿದ್ದೇನೆ ಎಂದುಕೊಂಡು ಮಾತಾಡಿಸದೆ ಕೂತಿದ್ದಳು. ಹೆದ್ದಾರಿಯಿಂದ ಮನೆಗೆ ಮೂರು ಮೈಲಿ ನಡೆದೆ.

ರೂತ್ ಕೊಟ್ಟಿಗೆಯಲ್ಲಿ ಹಾಲಿನ ಕ್ಯಾನು ತೊಳೆಯುತ್ತಿದ್ದಳು. ನನ್ನ ಹಿಂದೆ ಕಾರು ಇಲ್ಲದ್ದನ್ನು ನೋಡಿ ನೀರು ನಿಲ್ಲಿಸಿದಳು.

"ಅಲ್ಲಿಂದ ಕಳಿಸಿದ್ರು. ಆದ್ರೆ ಬೇರೆ ತಂಡದಲ್ಲಿ ಕೆಲಸ ಸಿಕ್ಕಿತು," ಎಂದೆ. "ಮನೆ ಹುಡುಕ್ತಿದ್ದಾರೆ. ಜೂಡಿನ ಅಲ್ಲೇ ಸ್ಕೂಲಿಗೆ ಸೇರಿಸೋದಂತೆ."

ಅವಳು ಏಪ್ರನ್ನಿಗೆ ಕೈ ಒರೆಸಿಕೊಂಡಳು. ಒಂದೊಂದು ಬೆರಳನ್ನೂ ಒರೆಸಿಕೊಂಡಳು.

"ಯಾವ ದಿನದವರೆಗೆ?"

ನಾನು ಚೀಲ ಕೆಳಗಿಟ್ಟೆ.

"ತಂಡದವರು ಯಾವಾಗಲೂ ಒಂದು ದಿನ ಹೇಳ್ತಾರೆ ಡೇವ್. ಯಾವ ದಿನ?"

"ಶನಿವಾರ."

ಅವಳು ತಲೆಯಾಡಿಸಿದಳು. ಕ್ಯಾನನ್ನು ಮಗುಚಿ ಹಲಗೆಯ ಮೇಲಿಟ್ಟಳು, ಮುಂದಿನದನ್ನು ತೆಗೆದುಕೊಂಡಳು. ಅವಳಿಗೆ ಕೋಪ ಬಂದಿರಲಿಲ್ಲ. ಬಂದಿದ್ದರೆ ನನಗೆ ನಿಲ್ಲುವುದು ಸುಲಭವಾಗುತ್ತಿತ್ತು.

"ಜೂಡಿನ ನಿನ್ನೆ ಇಲ್ಲಿ ಸ್ಕೂಲಿಗೆ ಸೇರಿಸಿ ಬಂದೆ. ಪೂರ್ತಿ ವರ್ಷಕ್ಕೆ. ಅಪ್ಪನಿಗೂ ಹೇಳಿದ್ದೀನಿ, ನಾವಿಬ್ಬರೂ ಇಲ್ಲೇ ಇರ್ತೀವಿ ಅಂತ. ಅವರಿಗೆ ಯಾವ ತಂಡ ಸಿಕ್ಕಿದರೂ." ನೀರು ಬಿಟ್ಟಳು. ಸದ್ದಿನ ನಡುವೆ ಮತ್ತೇನೋ ಹೇಳಿದಳು, ಕೇಳಿಸಲಿಲ್ಲ. ಹತ್ತಿರ ಹೋದೆ.

"ಅವರಿಗೆ ಕಾಗದ ಬರೆಯೋದಿದ್ರೆ ಇದನ್ನ ಬರೀಬೇಡ," ಎಂದಳು ರೂತ್. "ಶನಿವಾರದವರೆಗೆ ಆಡಲಿ."